ಮಾತು ನಿಂತಲ್ಲಿ ಸಂಗೀತ



ಚಲನಚಿತ್ರ ಸಂಗೀತವೆಂದ ಕೂಡಲೇ ನಮ್ಮ ನೆನಪಿಗೆ ಬರುವುದು ಹಾಡುಗಳು. ಆದರೆ ಹಾಡಿಲ್ಲದ ದೃಶ್ಯಗಳಲ್ಲೂ ಸಂಗೀತ ತನ್ನ ಕೆಲಸ ಮಾಡುತ್ತಲೇ ಇರುತ್ತದೆ. ಆ ಹಿನ್ನೆಲೆ ಸಂಗೀತ ನಮ್ಮ ಕಿವಿಗೆ ಬೀಳುತ್ತದೆ; ಗಮನಕ್ಕೆ ಬರುವುದು ಅಪರೂಪ. ಅದನ್ನೇ ಜೀವನದ ಸಾಧನೆಯಾಗಿ ಮಾಡಿಕೊಂಡ ಸ್ಪೇನಿನ ಸಂಯೋಜಕ ಆಲ್ಬರ್ಟೋ ಇಗ್ಲೇಸಿಯಾಸ್ ಅವರನ್ನು ಈ ಹೊತ್ತು ನಿಮಗೆ ಪರಿಚಯಿಸುತ್ತಿದ್ದೇನೆ.

ಇಗ್ಲೇಸಿಯಾಸ್ ಹುಟ್ಟಿದ್ದು 1955ರಲ್ಲಿ, ಉತ್ತರ ಸ್ಪೇನಿನ ಬಾಸ್ಕ್ ಸೀಮೆಯ ಸಾನ್ ಸೆಬಾಸ್ಟಿಯನ್ ಎಂಬ ಕಡಲತೀರದ ನಗರದಲ್ಲಿ. ಅಲ್ಲಿ ಪಿಯಾನೋ, ಗಿಟಾರ್ ಮತ್ತು ಸ್ವರಸಂಯೋಜನೆಯನ್ನು ಅಭ್ಯಾಸ ಮಾಡಿದರು. ಮುಂದೆ ಪ್ಯಾರಿಸ್ಸಿನಲ್ಲಿ ಓದಿ, ಬಾರ್ಸಿಲೋನಾದಲ್ಲಿ ಎಲೆಕ್ಟ್ರಾನಿಕ್ ಸಂಗೀತವನ್ನು ಕಲಿತರು. 1990ರ ದಶಕದಲ್ಲಿ ನೃತ್ಯ ಸಂಯೋಜಕ ನಾಚೋ ದುವಾತೋ ಅವರ ಬ್ಯಾಲೆಗಳಿಗೂ ಸಂಗೀತ ಬರೆದರು. ಹೀಗೆ ತಂತಿವಾದ್ಯದ ಹಳೆಯ ಶಿಸ್ತು, ಯಂತ್ರದ ಹೊಸ ನಾದ, ಚಲಿಸುವ ದೇಹದ ಲಯ ಇವು ಮೂರೂ ಅವರಲ್ಲಿ ಒಂದುಗೂಡಿದವು.

ಅವರಿಗೆ ಹೆಸರು ತಂದದ್ದು ಅದೇ ಊರಿನ ನಿರ್ದೇಶಕ ಹೂಲಿಯೋ ಮೆಡೆಮ್ ಅವರ ಚಿತ್ರಗಳು. 1992ರ 'ವಾಕಾಸ್', ಎಂದರೆ 'ಹಸುಗಳು', ಬಾಸ್ಕ್ ಕಣಿವೆಯ ಎರಡು ಕುಟುಂಬಗಳ ಮೂರು ತಲೆಮಾರಿನ ಹಗೆಯ ಕಥೆ. 1993ರ 'ಕೆಂಪು ಅಳಿಲು' ಚಿತ್ರದ ಸಂಗೀತಕ್ಕೆ ಸ್ಪೇನಿನ ಪ್ರತಿಷ್ಠಿತ ಗೋಯಾ ಪ್ರಶಸ್ತಿ ಬಂದಿತು. ಆ ಪ್ರಶಸ್ತಿಯನ್ನು ಅವರು ಇದುವರೆಗೆ ಹತ್ತಕ್ಕೂ ಹೆಚ್ಚು ಬಾರಿ ಪಡೆದಿದ್ದಾರೆ.

1995ರಲ್ಲಿ 'ನನ್ನ ಗುಟ್ಟಿನ ಹೂವು' ಚಿತ್ರದಿಂದ ನಿರ್ದೇಶಕ ಪೆದ್ರೋ ಅಲ್ಮೊದೋವಾರ್ ಅವರೊಡನೆ ಒಡನಾಟ ಆರಂಭವಾಯಿತು. 2024ರ 'ಪಕ್ಕದ ಕೋಣೆ'ಯವರೆಗೂ ಅದು ಮುಂದುವರಿದಿದೆ. ಇಗ್ಲೇಸಿಯಾಸ್ ಅವರ ಶೈಲಿಯನ್ನು ಅರಿಯಲು 2006ರ 'ವೋಲ್ವೇರ್' ಒಂದು ಒಳ್ಳೆಯ ಪಾಠ. ಅದರ ನಾಯಕಿ ಹೋಟೆಲಿನಲ್ಲಿ ಲವಲವಿಕೆಯಿಂದ ಅಡುಗೆ ಮಾಡಿ ಬಡಿಸುತ್ತಾಳೆ. ಅದೇ ಹೋಟೆಲಿನ ಶೀತಲಪೆಟ್ಟಿಗೆಯೊಳಗೆ ಒಂದು ಶವ ಅಡಗಿದೆ. ತೆರೆಯ ಮೇಲೆ ನಗು, ತಂತಿವಾದ್ಯಗಳಲ್ಲಿ ಆತಂಕ. ಕಣ್ಣಿಗೆ ಕಾಣುವುದನ್ನೇ ಸಂಗೀತ ಮತ್ತೆ ಹೇಳುವುದಿಲ್ಲ. ಪಾತ್ರ ಬಚ್ಚಿಟ್ಟಿರುವುದನ್ನು ನಮಗೆ ಪಿಸುಗುಟ್ಟುತ್ತದೆ. 2002ರ 'ಅವಳೊಡನೆ ಮಾತಾಡು' ಚಿತ್ರದ ನಡುವೆ ಕಪ್ಪು ಬಿಳುಪಿನ ಒಂದು ಪುಟ್ಟ ಮೂಕಿಚಿತ್ರ ಬರುತ್ತದೆ. ಅಲ್ಲಿ ಮಾತೇ ಇಲ್ಲ. ಕಥೆಯ ಭಾವವನ್ನೆಲ್ಲ ಹೊರುವುದು ತಂತಿವಾದ್ಯಗಳೇ.

ಸ್ಪೇನಿನವರೆಂದ ಮಾತ್ರಕ್ಕೆ ಎಲ್ಲೆಡೆ ಗಿಟಾರ್ ನುಡಿಸಿ ದೇಶದ ಗುರುತು ಒತ್ತುವ ಚಾಳಿ ಅವರಿಗಿಲ್ಲ. ಕಥೆ ಎಲ್ಲಿಯದೋ ಸಂಗೀತವೂ ಅಲ್ಲಿಗೆ ಹೋಗುತ್ತದೆ. ಕೀನ್ಯಾದಲ್ಲಿ ನಡೆಯುವ 'ದ ಕಾನ್‌ಸ್ಟಂಟ್ ಗಾರ್ಡನರ್' (2005) ಚಿತ್ರದಲ್ಲಿ ಆ ನಾಡಿನ ಗಾಯಕ ಅಯೂಬ್ ಒಗಾಡ ಅವರ ದನಿಯೂ ಕೇಳಿಬರುತ್ತದೆ. ಆ ಚಿತ್ರವಲ್ಲದೆ ಆಫ್ಘಾನಿಸ್ತಾನದ ಕಥೆಯ 'ದ ಕೈಟ್ ರನ್ನರ್' (2007), ಲಂಡನ್ನಿನ ಬೇಹುಗಾರರ 'ಟಿಂಕರ್ ಟೇಲರ್ ಸೋಲ್ಜರ್ ಸ್ಪೈ' (2011), ತಮ್ಮ ದೇಶದ್ದೇ ಆದ 'ಸಮಾನಾಂತರ ತಾಯಂದಿರು' (2021) ಇವುಗಳ ಸಂಗೀತವೂ ಆಸ್ಕರ್ ಪ್ರಶಸ್ತಿಗೆ ನಾಮಕರಣಗೊಂಡಿತು. ನಾಲ್ಕು ಸಲವೂ ಪ್ರಶಸ್ತಿ ಬೇರೆಯವರ ಪಾಲಾಯಿತು. ಅದರಿಂದ ಅವರ ಸಾಧನೆಯ ತೂಕ ಕಡಿಮೆಯಾಗುವುದಿಲ್ಲ. ಈ ನಾಲ್ಕನೆಯ ಚಿತ್ರದಲ್ಲಿ ಇಬ್ಬರು ತಾಯಂದಿರ ಕಥೆಯ ಜೊತೆಗೆ 1936–39ರ ಅಂತರ್ಯುದ್ಧದಲ್ಲಿ ಕೊಂದು ಹೂಳಲಾದವರ ಅಸ್ಥಿಗಳನ್ನು ಅಗೆದು ತೆಗೆಯುವ ಕಥೆಯೂ ಇದೆ. ಮನೆಯೊಳಗಿನ ಗುಟ್ಟಿಗೂ ಮಣ್ಣಿನೊಳಗಿನ ಗುಟ್ಟಿಗೂ ನಂಟು ಕಟ್ಟುವ ಹೊಣೆ ಸಂಗೀತದ್ದು.

ಮತ್ತೊಬ್ಬರ ಕಥೆಗೆ ಸೇವೆ ಸಲ್ಲಿಸುವ ಕಲಾವಿದ ತನ್ನತನ ಕಳೆದುಕೊಳ್ಳುವನೇ? ಕಳೆದುಕೊಳ್ಳಬೇಕಾಗಿಲ್ಲ ಎಂಬುದಕ್ಕೆ ಇಗ್ಲೇಸಿಯಾಸ್ ಸಾಕ್ಷಿ. ಎಲ್ಲಿ ನುಡಿಯಬೇಕು, ಎಲ್ಲಿ ಸುಮ್ಮನಿರಬೇಕು ಎಂಬ ವಿವೇಕದಲ್ಲೇ ಅವರ ತನ್ನತನವಿದೆ. ಮುಂದೆ ಯಾವುದಾದರೂ ಚಿತ್ರ ನೋಡುವಾಗ ಒಂದು ದೃಶ್ಯವನ್ನು ಧ್ವನಿ ಅಡಗಿಸಿ ನೋಡಿರಿ. ಬಳಿಕ ಧ್ವನಿಯೊಡನೆ ನೋಡಿರಿ. ಸಂಗೀತ ಏನು ಸೇರಿಸಿತು ಎಂಬುದು ನಿಮಗೇ ತಿಳಿಯುವುದು.