ಕೆಂಪಾಚಾರಿಗೆ ಜೀವ ತುಂಬುವವರು ಯಾರು?

ಬೆಂಗಳೂರಿನಿಂದ ಮೈಸೂರಿಗೆ ಹೊರಟರೆ ಮದ್ದೂರಿಗೂ ಮೊದಲೇ ನಿಡಘಟ್ಟ ಬಂದು ಹೋಗುತ್ತದೆ. ಈಗಿನ ಹುಡುಗರಿಗೆ ಅದು ದಶಪಥದ ಸುದ್ದಿಯಲ್ಲಿ ಕೇಳಿದ ಹೆಸರು. ಮಂಟೇಸ್ವಾಮಿಯ ಕಥೆ ಹಾಡುವ ನೀಲಗಾರರ ಬಾಯಲ್ಲಿ ಅದು ಕೆಂಪಾಚಾರಿಯ ಊರು. ಆಚಾರಿಗಳ ಮನೆಯ ಆ ಹುಡುಗನನ್ನು ಪವಾಡಪುರುಷ ಮಂಟೇಸ್ವಾಮಿ ಶಿಶುಮಗನಾಗಿ ಬೇಡಿ ಕರೆದೊಯ್ದ. ಮುಂದೆ ಅವನೇ ಸಿದ್ಧಪ್ಪಾಜಿ. ಅವನದೂ ವೈರಾಗ್ಯದ ಕಥೆಯೇ.

ಅನಿಮೇಷನ್ ಕಲಿಯುವ ಗೆಳೆಯರೇ, ವೈರಾಗ್ಯದ ಮೇಲೊಂದು ಕಿರುಚಿತ್ರ ಮಾಡಿ ಎಂದರೆ ನಿಮ್ಮ ಕೈ ತಟ್ಟನೆ ಹಿಮಾಲಯ, ಜಡೆ, ಕಣ್ಣು ಮುಚ್ಚಿದ ಮುನಿಯನ್ನು ಬರೆಯುತ್ತದೆ. ಬಿಡಿ ಅದನ್ನು. ಮಳವಳ್ಳಿ ತಾಲ್ಲೂಕಿನ ಹಲಗೂರಿಗೆ ಬನ್ನಿ. ಗುರು ಈ ಶಿಷ್ಯನನ್ನು ತಪಸ್ಸಿಗೆ ಕೂರು ಎನ್ನಲಿಲ್ಲ. ಹಲಗೂರಿನ ಕಮ್ಮಾರ ಪಾಂಚಾಳರ ಹತ್ತಿರ ಕಬ್ಬಿಣದ ಭಿಕ್ಷೆ ಬೇಡಿ ತಾ ಎಂದು ಅಟ್ಟಿದ. ಎಂಥ ಕುಲುಮೆಯ ಕಾವು ಬಿಟ್ಟು ಬಂದಿದ್ದನೋ ಅಂಥದೇ ಕುಲುಮೆಯ ಮುಂದೆ, ತನ್ನ ಕುಲದವರಿಗೇ ಕೈಯೊಡ್ಡಬೇಕು. ಅವರು ಕೊಡಲಿಲ್ಲ. ಪವಾಡ ತೋರಿಸು ಎಂದರು, ವಿಷವಿಟ್ಟರು. ಅವನು ಕದಲಲಿಲ್ಲ. (ಪವಾಡಕ್ಕೆ ಮೂಗು ಮುರಿಯುವವರು ಮುರಿಯಲಿ, ಅವನಿಗಾದ ಮುಖಭಂಗವನ್ನಾದರೂ ನಂಬಿ.) ಬಿಟ್ಟು ಓಡುವುದು ಸುಲಭ. ಬಿಟ್ಟದ್ದರ ಎದುರಿಗೇ ಬಂದು, ಬೈಸಿಕೊಂಡೂ ನಿಲ್ಲುವ ಈ ಗಟ್ಟಿತನ ನನಗೆ ಯಾವ ಗುಹೆಯ ಮುನಿಯಲ್ಲೂ ಕಂಡಿಲ್ಲ.

ಇದನ್ನು ಚಿತ್ರವಾಗಿಸಲು ಸ್ಟುಡಿಯೋ ಇಲ್ಲ ಅನ್ನಬೇಡಿ. ಜರ್ಮನಿಯ ಲೊಟ್ಟೆ ರೈನಿಗರ್ ಕಪ್ಪು ರಟ್ಟು ಕತ್ತರಿಸಿ, ಗಾಜಿನಡಿಯಿಂದ ದೀಪ ಹಾಯಿಸಿ, 1926ರಲ್ಲಿ ಪೂರ್ಣಪ್ರಮಾಣದ ಚಿತ್ರವನ್ನೇ ತೆರೆಗೆ ತಂದಳು. ತೊಗಲುಗೊಂಬೆ ಆಡಿಸಿದ ನಾಡಿಗೆ ಈ ನೆರಳಾಟ ಹೊಸದೇ? ಕತ್ತರಿ, ಗಾಜು, ಮೊಬೈಲು ಸಾಕು. ಸೆಕೆಂಡಿಗೆ 12 ಚಿತ್ರದಂತೆ ಮೂರು ನಿಮಿಷಕ್ಕೆ 2,160. ಗೆಳೆಯರೆಲ್ಲ ಸೇರಿ ದಿನಕ್ಕೆ 60 ತೆಗೆದರೆ 36 ದಿನದ ಕೆಲಸ. ಒಂದು ಬೇಸಿಗೆ ರಜೆಯೂ ಹಿಡಿಯದು.

ಅದಕ್ಕೂ ಮೊದಲು ಕಥೆ ಕೇಳಿಸಿಕೊಳ್ಳಿ. ಗುರುವಿನ ಗದ್ದುಗೆ ಮಳವಳ್ಳಿ ತಾಲ್ಲೂಕಿನ ಬೊಪ್ಪೇಗೌಡನಪುರದಲ್ಲಿದೆ, ಶಿಷ್ಯನದು ಕೊಳ್ಳೇಗಾಲದ ಕಡೆಯ ಚಿಕ್ಕಲ್ಲೂರಿನಲ್ಲಿ. ಜನವರಿ ಹೊತ್ತಿನ ಚಿಕ್ಕಲ್ಲೂರು ಜಾತ್ರೆಗೆ ಹೋಗಿ, ಬಿದಿರಿನ ಚಂದ್ರಮಂಡಲ ಉರಿಯುವ ರಾತ್ರಿ ನೀಲಗಾರರ ತಂಬೂರಿ ಪಕ್ಕ ಬೆಳಗಿನವರೆಗೂ ಕೂರಿ. ಒಪ್ಪಿಗೆ ಕೇಳಿಯೇ ಅವರ ದನಿ ಹಿಡಿಯಿರಿ, ಕೈಗೆ ಸಂಭಾವನೆ ಇಡಿ, ಅವರ ಹೆಸರನ್ನು ನಿಮ್ಮ ಹೆಸರಿಗಿಂತ ಮೊದಲು ಹಾಕಿ.

ಚಿತ್ರ ಮುಗಿದ ಮೇಲೆ ಯೂಟ್ಯೂಬಿಗೆ ಏರಿಸಿ ಲೈಕ್ ಎಣಿಸುತ್ತ ಕೂರಬೇಡಿ. ಪ್ರೊಜೆಕ್ಟರ್ ಬಾಡಿಗೆಗೆ ತನ್ನಿ, ಹಲಗೂರಿನ ಬೀದಿಯಲ್ಲೇ ಮೊದಲ ಪ್ರದರ್ಶನ ಇಡಿ. ಆ ಊರಿನವರು ಹೊಗಳಲಿ, ಉಗಿಯಲಿ, ನಿಂತು ಕೇಳಿಸಿಕೊಳ್ಳಿ.