ಚಿತ್ರಕಥೆಯ ಸಮಾಂತರ ಲೋಕಗಳು
(ಬಾನುಲಿ ಭಾಷಣ)

ರೇಡಿಯೋದ ಮುಳ್ಳನ್ನು ಕೂದಲೆಳೆಯಷ್ಟು ಸರಿಸಿದರೆ ಒಂದು ನಿಲಯದ ದನಿ ಅಡಗಿ ಇನ್ನೊಂದರ ದನಿ ಕೇಳಿಬರುತ್ತದೆ. ಎರಡೂ ಅದೇ ಆಕಾಶದಲ್ಲಿ, ಅದೇ ಗಳಿಗೆಯಲ್ಲಿ ಇದ್ದವು; ಕಂಪನಸಂಖ್ಯೆ ಮಾತ್ರ ಬೇರೆ. ಅಮೆರಿಕದ ಚಿತ್ರಕಥೆಗಾರ ಗಾರ್ಡನರ್ ಫಾಕ್ಸ್ ೧೯೬೧ರಲ್ಲಿ ‘ಫ್ಲ್ಯಾಶ್’ ಮಾಲಿಕೆಯ ೧೨೩ನೆಯ ಸಂಚಿಕೆಯಲ್ಲಿ ಸಮಾಂತರ ವಿಶ್ವವನ್ನು ಹೆಚ್ಚು ಕಡಿಮೆ ಹೀಗೆಯೇ ಕಲ್ಪಿಸಿದ. ಒಂದೇ ಸ್ಥಳದಲ್ಲಿ ಎರಡು ಭೂಮಿಗಳುಂಟು. ಅವುಗಳ ಕಂಪನ ಭಿನ್ನವಾದುದರಿಂದ ಒಂದು ಇನ್ನೊಂದಕ್ಕೆ ಕಾಣದು. ಮಿಂಚಿನ ವೇಗದ ವೀರ ಬ್ಯಾರಿ ಅಲೆನ್ ತನ್ನ ಶರೀರವನ್ನು ಕಂಪಿಸುತ್ತ ಅರಿಯದೆಯೇ ಆಚೆಯ ಭೂಮಿಗೆ ದಾಟುತ್ತಾನೆ. ಅಲ್ಲಿ ತನ್ನದೇ ಬಿರುದು ಹೊತ್ತ ಹಿರಿಯನೊಬ್ಬನನ್ನು ಸಂಧಿಸುತ್ತಾನೆ.

ಈ ಕಲ್ಪನೆಯ ಹಿಂದೆ ಒಂದು ಲೌಕಿಕ ತೊಡಕಿತ್ತು. ೧೯೪೦ರಲ್ಲಿ ಜೇ ಗ್ಯಾರಿಕ್ ಎಂಬ ಫ್ಲ್ಯಾಶ್ ಹುಟ್ಟಿದ್ದ. ಅವನ ಕಥೆಗಳು ನಿಂತುಹೋದ ಕೆಲ ವರ್ಷಗಳ ಮೇಲೆ, ೧೯೫೬ರಲ್ಲಿ, ಅದೇ ಹೆಸರಿನಿಂದ ಬ್ಯಾರಿ ಅಲೆನ್ ಬಂದ. ಹಾಗಾದರೆ ಹಳಬನ ಗತಿಯೇನು? ಅವನ ಕಥೆ ಸುಳ್ಳೆಂದರೆ ಅದನ್ನು ಓದಿ ಬೆಳೆದವರ ಬಾಲ್ಯವನ್ನೇ ಅಳಿಸಿದಂತಾದೀತು. ನಿಜವೆಂದರೆ ಹೊಸಬನಿಗೆ ನೆಲೆಯಿಲ್ಲ. ಇಬ್ಬರೂ ನಿಜ, ಅವರವರ ಭೂಮಿಯಲ್ಲಿ, ಎಂಬುದು ಫಾಕ್ಸ್ ಕಂಡುಕೊಂಡ ಸಮಾಧಾನ. ಅದರಲ್ಲಿ ಜಾಣ್ಮೆಯಷ್ಟೇ ಔದಾರ್ಯವೂ ಇತ್ತು.

ಕಾಲಕ್ರಮದಲ್ಲಿ ಭೂಮಿಗಳು ಎಷ್ಟು ಹೆಚ್ಚಿದವೆಂದರೆ ಲೆಕ್ಕ ಇಡುವುದೇ ಕಷ್ಟವಾಯಿತು. ೧೯೮೫-೮೬ರಲ್ಲಿ ಮಾರ್ವ್ ವುಲ್ಫ್‌ಮನ್ ಮತ್ತು ಜಾರ್ಜ್ ಪೆರೆಜ್ ಹನ್ನೆರಡು ಸಂಚಿಕೆಗಳ ಮಹಾಕಥೆಯೊಂದರಲ್ಲಿ ಅವನ್ನೆಲ್ಲ ಪ್ರಳಯಕ್ಕೀಡುಮಾಡಿ ಒಂದನ್ನೇ ಉಳಿಸಿದರು. ಆ ಏಕತ್ವ ಬಹುಕಾಲ ಬಾಳಲಿಲ್ಲ. ಅದೇ ಪ್ರಕಾಶಕರು ೨೦೦೭ರಲ್ಲಿ ಐವತ್ತೆರಡು ಲೋಕಗಳನ್ನು ಮರಳಿ ತೆರೆದರು.

ಚಲಿಸುವ ಚಿತ್ರಗಳಿಗೆ ಬಂದಾಗ ಈ ವಸ್ತುವಿಗೆ ನೈತಿಕ ಗಾಂಭೀರ್ಯ ಒದಗಿತು. ‘ಜಸ್ಟಿಸ್ ಲೀಗ್’ ಮಾಲಿಕೆಯ ೨೦೦೩ರ ಒಂದು ಕಥೆಯಲ್ಲಿ, ಆಚೆಯ ಲೋಕದ ಸೂಪರ್‌ಮ್ಯಾನ್ ಅಧ್ಯಕ್ಷಪದವಿಗೇರಿದ ದುಷ್ಟ ಲೂಥರನನ್ನು ಕೊಲ್ಲುತ್ತಾನೆ. ಅಂದಿನಿಂದ ಅವನೂ ಅವನ ಸಂಗಡಿಗರೂ ಲೋಕರಕ್ಷಣೆಯ ಹೆಸರಿನಲ್ಲಿ ನಿರಂಕುಶ ಪ್ರಭುಗಳಾಗುತ್ತಾರೆ. ಈಚೆಯ ಸೂಪರ್‌ಮ್ಯಾನ್‌ನಿಗೆ ಬಲವೂ ಅಷ್ಟೇ, ಲೂಥರನ ಮೇಲಿನ ರೋಷವೂ ಅಷ್ಟೇ; ಆದರೆ ಅವನು ಕೊಲ್ಲುವುದಿಲ್ಲ. ಶಹಾಬಾದಿನಲ್ಲಿರುವ ನನ್ನ ಮೊಮ್ಮಗ ಇದನ್ನು ನೋಡಿ, “ಮುತ್ಯಾ, ಇವರಿಬ್ಬರಾಗ ಖರೇ ಸೂಪರ್‌ಮ್ಯಾನ್ ಯಾಂವ?” ಎಂದು ಕೇಳಿದ. ಇಬ್ಬರೂ ಖರೆಯೇ ಎಂದೆ. ಹುಡುಗನಿಗೆ ಒಪ್ಪಿಗೆಯಾಗಲಿಲ್ಲ. ಕೆಟ್ಟವನು ನಕಲಿಯಾಗಿದ್ದರೆ ಅವನಿಗೆ ನೆಮ್ಮದಿಯಿತ್ತು.

ಖರೆ ಯಾವುದು ಎಂಬ ಪ್ರಶ್ನೆ ನಮ್ಮ ಸೀಮೆಗೆ ಹೊಸದಲ್ಲ. ಸೇಡಂ ತಾಲ್ಲೂಕಿನ ಮಳಖೇಡ ರಾಷ್ಟ್ರಕೂಟರ ಮಾನ್ಯಖೇಟ. ಅಲ್ಲಿ ಅಮೋಘವರ್ಷ ನೃಪತುಂಗನ ಗುರುವಾಗಿದ್ದ ಜಿನಸೇನಾಚಾರ್ಯರ ಶಿಷ್ಯ ಗುಣಭದ್ರರು ‘ಉತ್ತರಪುರಾಣ’ದಲ್ಲಿ ಹೇಳಿದ ರಾಮಕಥೆಯಲ್ಲಿ ಸೀತೆ ರಾವಣ-ಮಂಡೋದರಿಯರ ಮಗಳು. ನಾಗಚಂದ್ರನ ‘ರಾಮಚಂದ್ರಚರಿತ ಪುರಾಣ’ದಲ್ಲಿ ಆಕೆ ಜನಕನ ಮಗಳು. ಎರಡರಲ್ಲಿಯೂ ರಾವಣನನ್ನು ಕೊಲ್ಲುವವನು ಲಕ್ಷ್ಮಣ. ವಾಲ್ಮೀಕಿಯನ್ನು ಕೇಳಿ ಬೆಳೆದವರಿಗೆ ಇದು ಇನ್ನೊಂದು ಭೂಮಿಯ ಕಥೆಯೇ ಸರಿ. ನಮ್ಮ ಹಿರಿಯರಿಗೆ ಎಲ್ಲವೂ ಮೊದಲೇ ಗೊತ್ತಿತ್ತೆಂದು ಹೆಮ್ಮೆಪಡಲು ನಾನು ಇದನ್ನು ಹೇಳುತ್ತಿಲ್ಲ, ವ್ಯತ್ಯಾಸವೊಂದು ಸ್ಪಷ್ಟವಾಗಿದೆ. ಜೈನ ರಾಮಕಥೆಯಲ್ಲಿ ಶ್ರೇಣಿಕರಾಜನು ಸಂದೇಹಗೊಂಡು ಗೌತಮ ಗಣಧರರನ್ನು ಕೇಳುತ್ತಾನೆ. ಅವರು ಲೋಕದಲ್ಲಿ ಹಬ್ಬಿದ ಕಥೆಯನ್ನು ತಿದ್ದಿ ನಿಜವಾದುದನ್ನು ನಿರೂಪಿಸುತ್ತಾರೆ. ಅಂದರೆ ನಿಜ ಒಂದೇ, ಉಳಿದುದು ತಪ್ಪು. ಪುರಾಣಕಾರನಿಗೆ ಹಾಗೆ ನಂಬುವುದು ಅವಶ್ಯ. ಕೇಳುಗರಾದ ಜನ ಮಾತ್ರ ಎರಡನ್ನೂ ಉಳಿಸಿಕೊಂಡರು.

‘ಎಲ್ಲ ಲೋಕಗಳೂ ನಿಜ’ ಎನ್ನುವ ಚಿತ್ರಕಥೆಯೂ ಕಟ್ಟಳೆಯಿಂದ ಮುಕ್ತವಲ್ಲ. ೨೦೦೪ರಲ್ಲಿ ಬೆಂಗಳೂರಿನ ಚಿತ್ರಕಾರ ಜೀವನ್ ಕಾಂಗ್ ಅವರ ಕುಂಚದಲ್ಲಿ ಭಾರತೀಯ ಸ್ಪೈಡರ್‌ಮ್ಯಾನ್ ಮೂಡಿಬಂದ: ಮುಂಬಯಿಯ ಪವಿತ್ರ ಪ್ರಭಾಕರ. ಅವನೇ ೨೦೨೩ರ ‘ಅಕ್ರಾಸ್ ದಿ ಸ್ಪೈಡರ್‌ವರ್ಸ್’ ಎಂಬ ಆನಿಮೇಷನ್ ಚಿತ್ರದಲ್ಲಿ ಕಾಣಿಸಿಕೊಂಡ. ಭಾರತದಲ್ಲಿ ಹತ್ತು ಭಾಷೆಗಳಲ್ಲಿ ತೆರೆಕಂಡ ಆ ಚಿತ್ರ ಕನ್ನಡದಲ್ಲಿಯೂ ಮಾತಾಡಿತು. ಅದರಲ್ಲಿ ಅಸಂಖ್ಯ ಲೋಕಗಳಿಗೆ ಅಸಂಖ್ಯ ಸ್ಪೈಡರ್‌ಮ್ಯಾನರು. ಆದರೆ ಅವರ ನಾಯಕ ಮಿಗೆಲ್ ಒಂದು ಶಾಸನ ವಿಧಿಸುತ್ತಾನೆ: ಪ್ರತಿ ಲೋಕದಲ್ಲೂ ಕೆಲವು ಸಾವುಗಳು ಸಂಭವಿಸಲೇಬೇಕು, ತಪ್ಪಿಸಿದರೆ ಆ ಲೋಕವೇ ಕುಸಿಯುತ್ತದೆ. ಪವಿತ್ರನ ಲೋಕದಲ್ಲಿ ಸಾಯಬೇಕಾಗಿದ್ದ ಇನ್ಸ್‌ಪೆಕ್ಟರನನ್ನು ಮೈಲ್ಸ್ ಎಂಬ ಹುಡುಗ ಬದುಕಿಸುತ್ತಾನೆ. ಅನಂತರ ತನ್ನ ತಂದೆಯ ಸಾವೂ ಹೀಗೆಯೇ ಬರೆದಿದೆಯೆಂದು ತಿಳಿದಾಗ ಅವನು ಆ ಬರಹವನ್ನು ಒಪ್ಪಲು ನಿರಾಕರಿಸುತ್ತಾನೆ. ಹಣೆಬರಹವೆಂಬ ಮಾತನ್ನು ಕೇಳುತ್ತಲೇ ಬೆಳೆದ ನಮಗೆ ಈ ಜಗಳ ಪರಕೀಯವಲ್ಲ.

ಸಮಾಂತರ ಲೋಕವನ್ನು ನೋಡಲು ನಮ್ಮವರು ಬೆಳ್ಳಿತೆರೆಯವರೆಗೂ ಹೋಗಬೇಕಿಲ್ಲ. ವಾಡಿಯಲ್ಲಿ ಸಿಕಂದರಾಬಾದಿನ ರೈಲು ಹತ್ತಿದರೆ ಚಿತ್ತಾಪುರ, ಮಳಖೇಡ ರೋಡ್, ಸೇಡಂ ದಾಟಿ ತಾಂಡೂರು ಬರುತ್ತದೆ. ತಾಂಡೂರೂ ಕೊಡಂಗಲ್ಲೂ ನಮ್ಮ ಜಿಲ್ಲೆಯ ತಾಲ್ಲೂಕುಗಳೇ ಆಗಿದ್ದವು. ೧೯೫೬ರ ನವೆಂಬರ್ ೧ರಂದು ಹೈದರಾಬಾದ್ ರಾಜ್ಯ ಒಡೆದಾಗ ಸೇಡಂ, ಚಿತ್ತಾಪುರ, ಚಿಂಚೋಳಿ ಮೈಸೂರು ರಾಜ್ಯಕ್ಕೆ ಬಂದವು; ಆ ಎರಡು ಆಂಧ್ರಪ್ರದೇಶಕ್ಕೆ ಹೋದವು, ೨೦೧೪ರಿಂದ ತೆಲಂಗಾಣದಲ್ಲಿವೆ. ಅಲ್ಲಿ ಹರಿದ ಕಾಗಿಣಾ ಹೊಳೆಯೇ ಮಳಖೇಡದ ಕೋಟೆಯ ಬದಿಗೂ ಬರುತ್ತದೆ. ಅಲ್ಲಿಯೂ ತೊಗರಿ, ಇಲ್ಲಿಯೂ ತೊಗರಿ. ನೆಲದಿಂದ ಏಳುವ ಹಾಸುಗಲ್ಲಿಗೆ ಇಲ್ಲಿ ಶಹಾಬಾದ್ ಕಲ್ಲೆಂದು ಹೆಸರು, ಅಲ್ಲಿ ತಾಂಡೂರು ಕಲ್ಲೆಂದು. ಮಕ್ಕಳು ಶಾಲೆಯಲ್ಲಿ ತಿದ್ದುವ ಅಕ್ಷರ ಮಾತ್ರ ಬೇರೆ. ಗೆರೆ ಹತ್ತು ಹರದಾರಿ ಈಚೆಗೆ ಬಿದ್ದಿದ್ದರೆ ಸೇಡಮ್ಮಿನ ನಾನು ಈ ಭಾಷಣವನ್ನು ತೆಲುಗಿನಲ್ಲಿ ಬರೆಯುತ್ತಿದ್ದೆ, ಮತ್ತು ಅದನ್ನೇ ನನ್ನ ಸಹಜ ನುಡಿಯೆಂದು ನಂಬುತ್ತಿದ್ದೆ.

ಗಡಿಯ ಆಚೆಗಿರುವವನು ನಮ್ಮ ತಪ್ಪಾದ ಪ್ರತಿಯಲ್ಲ. ನಾವೇ ಆಗಿರಬಹುದಾಗಿದ್ದ ಇನ್ನೊಬ್ಬ. ಈ ಚಿತ್ರಕಥೆಗಳಿಂದ ಮಕ್ಕಳು ಕಲಿಯಬಹುದಾದ ಮೊದಲ ಪಾಠ ಇದು. ಎರಡನೆಯದು ತುಸು ಕಠಿಣ. ಗೆರೆಯನ್ನು ಎಳೆದವರು ನಾವಲ್ಲ. ಆದರೆ ಗೆರೆಯ ಈಚೆ ನಿಂತು ನಾವು ಮಾಡುವ ಕೆಲಸಕ್ಕೆ ನಾವೇ ಹೊಣೆ. ಎರಡು ಲೋಕಗಳ ಸೂಪರ್‌ಮ್ಯಾನರನ್ನು ಬೇರ್ಪಡಿಸಿದ್ದು ಕೊಲ್ಲಬಹುದಾಗಿದ್ದ ಗಳಿಗೆಯಲ್ಲಿ ಕೈ ತಡೆದದ್ದು, ಅಷ್ಟೇ. ಮೊಮ್ಮಗನ ಪ್ರಶ್ನೆಗೆ ಇದಕ್ಕಿಂತ ಸುಲಭವಾದ ಉತ್ತರವನ್ನು ನಾನು ಹುಡುಕಿಲ್ಲ.