ವರ್ಗಕ್ಕೆ ಕೊನೆಯಿಲ್ಲ, ಘನಕ್ಕೆ ಕೊನೆಯಿದೆ



ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿ ಕಡೆಯ ನೀವು ‘ಭಾಸ್ಕರಾಚಾರ್ಯರು ನಮ್ಮ ಜಿಲ್ಲೆಯವರು’ ಎಂಬ ಮಾತನ್ನು ಕೇಳಿಯೇ ಇರುತ್ತೀರಿ. ಅವರು ಹುಟ್ಟಿದ್ದು 1114ರಲ್ಲಿ. ಬಾಗೇವಾಡಿಯ ಬಸವಣ್ಣನವರದೂ ಅದೇ ಶತಮಾನ. ತಮ್ಮ ಊರು ಸಹ್ಯಾದ್ರಿಯ ಆಶ್ರಯದಲ್ಲಿರುವ ವಿಜ್ಜಡವಿಡ ಎಂದು ಭಾಸ್ಕರರೇ ಹೇಳಿಕೊಂಡಿದ್ದಾರೆ. ಅದೇ ವಿಜಯಪುರ ಎಂದು ಕೆಲವು ವಿದ್ವಾಂಸರು ವಾದಿಸಿದರು. ಆದರೆ ಸಹ್ಯಾದ್ರಿ ವಿಜಯಪುರಕ್ಕೆ ಬಹು ದೂರ. ಮೊಮ್ಮಗ ಚಾಂಗದೇವನು ಅವರ ಗ್ರಂಥಗಳ ಅಧ್ಯಯನಕ್ಕೆಂದು ಮಠ ಕಟ್ಟಿಸಿದ 1207ರ ಶಾಸನ ಸಿಕ್ಕಿರುವುದು ಮಹಾರಾಷ್ಟ್ರದ ಚಾಳೀಸಗಾಂವ್ ಬಳಿಯ ಪಾಟಣೆಯಲ್ಲಿ. ನನಗಂತೂ ಆ ಕಡೆಯ ವಾದವೇ ಗಟ್ಟಿ ಎನಿಸುತ್ತದೆ. ಬೇಸರ ಬೇಡ. ಭಾಸ್ಕರರಿಗಿಂತ ಸುಮಾರು 200 ವರ್ಷ ಮೊದಲೇ, 945ರಲ್ಲಿ, ಇಂಡಿ ತಾಲ್ಲೂಕಿನ ಸಾಲೋಟಗಿಯಲ್ಲಿ ಒಂದು ವಿದ್ಯಾಶಾಲೆ ಇತ್ತು. ದೂರದ ನಾಡುಗಳಿಂದ ಬಂದ ವಿದ್ಯಾರ್ಥಿಗಳಿಗೆ 27 ಮನೆಗಳು, ದೀಪದ ಖರ್ಚಿಗೆಂದೇ 12 ನಿವರ್ತನ ಭೂಮಿ! ಅಲ್ಲಿಯ ಶಾಸನವೇ ಇದಕ್ಕೆ ಸಾಕ್ಷಿ.

ಊರಿನ ಮಾತು ಸಾಕು, ಲೆಕ್ಕಕ್ಕೆ ಬರೋಣ. ಒಂದು ಹಾಳೆ, ಪೆನ್ಸಿಲು ತೆಗೆದುಕೊಳ್ಳಿ. ಒಂದು ವರ್ಗಸಂಖ್ಯೆಯನ್ನು 2ರಿಂದ ಗುಣಿಸಿ 1 ಕೂಡಿಸಿದರೆ ಮತ್ತೊಂದು ವರ್ಗಸಂಖ್ಯೆ ಬರಬೇಕು. 2ರ ವರ್ಗ 4. ಅದರ ಎರಡರಷ್ಟು 8. ಒಂದು ಕೂಡಿಸಿದರೆ 9, ಅಂದರೆ 3ರ ವರ್ಗ. ಹೀಗೆ 2 ಮತ್ತು 3 ಒಂದು ಜೋಡಿ. ಈಗ ಚಿಕ್ಕದರ ಮೂರರಷ್ಟಕ್ಕೆ ದೊಡ್ಡದರ ಎರಡರಷ್ಟು ಕೂಡಿಸಿ: 12. ಚಿಕ್ಕದರ ನಾಲ್ಕರಷ್ಟಕ್ಕೆ ದೊಡ್ಡದರ ಮೂರರಷ್ಟು ಕೂಡಿಸಿ: 17. ಇದೂ ಒಂದು ಜೋಡಿಯೇ. ಮತ್ತೆ ಹಾಗೆಯೇ ಮಾಡಿದರೆ 70 ಮತ್ತು 99. ಹಾಳೆ ಮುಗಿದೀತು, ಜೋಡಿಗಳು ಮುಗಿಯವು. ಹೀಗೆ ಉತ್ತರದಿಂದ ಉತ್ತರ ಹುಟ್ಟಿಸುವ ‘ಭಾವನಾ’ ಕ್ರಮವನ್ನು 628ರಲ್ಲಿಯೇ ಬ್ರಹ್ಮಗುಪ್ತರು ಕೊಟ್ಟಿದ್ದರು.

ಕಷ್ಟವಿರುವುದು ಮೊದಲನೆಯ ಜೋಡಿಯನ್ನು ಹುಡುಕುವುದರಲ್ಲಿ. 2ರ ಬದಲು 61 ಇಟ್ಟು ನೋಡಿ. ಒಂದೊಂದೇ ಸಂಖ್ಯೆ ಪರೀಕ್ಷಿಸುತ್ತ ಹೋದರೆ ನಿಮ್ಮ ಆಯುಷ್ಯ ಸಾಲದು. ಭಾಸ್ಕರರು 36ನೆಯ ವಯಸ್ಸಿನಲ್ಲಿ, 1150ರಲ್ಲಿ, ‘ಬೀಜಗಣಿತ’ದಲ್ಲಿ ಇದನ್ನು ‘ಚಕ್ರವಾಲ’ ವಿಧಾನದಿಂದ ಬಿಡಿಸಿದರು. ಹತ್ತಿರದ ಉತ್ತರದಿಂದ ಆರಂಭ: 8ರ ವರ್ಗ 64, 61ಕ್ಕಿಂತ 3 ಹೆಚ್ಚು. ಒಂದು ಸುತ್ತು ಹಾಕಿದರೆ 5 ಮತ್ತು 39 ಬರುತ್ತವೆ: 25ರ 61ರಷ್ಟು 1525, 39ರ ವರ್ಗ 1521, ನಾಲ್ಕೇ ಕಡಿಮೆ. ಇಲ್ಲಿಂದ ಭಾವನಾ ಕ್ರಮವೇ ದಡ ಮುಟ್ಟಿಸುತ್ತದೆ. ಉತ್ತರ: 226153980 ಮತ್ತು 1766319049. ಇದಕ್ಕಿಂತ ಚಿಕ್ಕ ಉತ್ತರವೇ ಇಲ್ಲ! ಫ್ರಾನ್ಸಿನ ಫೆರ್ಮಾ 1657ರಲ್ಲಿ ಇದೇ 61ರ ಲೆಕ್ಕವನ್ನು ಯುರೋಪಿನ ಗಣಿತಜ್ಞರಿಗೆ ಸವಾಲಾಗಿ ಒಡ್ಡಿದ. ಚಕ್ರವಾಲ ಭಾಸ್ಕರರೊಬ್ಬರದೇ ಅಲ್ಲ. ಜಯದೇವರೆಂಬುವರ ಶ್ಲೋಕಗಳಲ್ಲಿ ಅದಿತ್ತೆಂದು 1073ರ ಒಂದು ವ್ಯಾಖ್ಯಾನದಿಂದ ತಿಳಿಯುತ್ತದೆ.

ಇನ್ನೊಂದು ಪ್ರಶ್ನೆ. ವರ್ಗದ ಬದಲು ಘನ ಇಟ್ಟರೆ? 1ರ ಘನದ ಎರಡರಷ್ಟಕ್ಕೆ ಒಂದು ಕೂಡಿಸಿದರೆ 3. 2ರ ಘನಕ್ಕೆ 17. 3ರ ಘನಕ್ಕೆ 55. ಯಾವುದೂ ಘನವಲ್ಲ. ಮುಂದೆಯೂ ಸಿಗುವುದಿಲ್ಲ ಎಂದು ಈಗ ಸಾಧಿತವಾಗಿದೆ. ಈ ಬಗೆಯ ಲೆಕ್ಕಗಳ ಬುಡಕ್ಕೇ ಕೈಹಾಕಿದವನು ನಾರ್ವೆಯ ಆಕ್ಸೆಲ್ ಥೂ. 1863ರಲ್ಲಿ ಟೋನ್ಸ್‌ಬರ್ಗ್ ಎಂಬ ಊರಿನಲ್ಲಿ ಹುಟ್ಟಿದ; 1903ರಿಂದ 1922ರಲ್ಲಿ ತೀರಿಕೊಳ್ಳುವವರೆಗೂ ಇಂದಿನ ಓಸ್ಲೋದ ವಿಶ್ವವಿದ್ಯಾನಿಲಯದಲ್ಲಿ ಪ್ರಾಧ್ಯಾಪಕ. ತಮಾಷೆಯೆಂದರೆ, ಹುದ್ದೆ ಅನ್ವಯಿಕ ಯಂತ್ರಶಾಸ್ತ್ರದ್ದು. ಮನಸ್ಸು ಮಾತ್ರ ಪೂರ್ಣಾಂಕಗಳಲ್ಲಿ.

ಅವನು ಹಿಡಿದ ಎಳೆ ಭಿನ್ನರಾಶಿಗಳದು. ನಮ್ಮ 99ನ್ನು 70ರಿಂದ ಭಾಗಿಸಿ. 2ರ ವರ್ಗಮೂಲಕ್ಕೆ ತೀರ ಹತ್ತಿರದ ಬೆಲೆ ಬರುತ್ತದೆ. ವರ್ಗದ ಲೆಕ್ಕದ ಪ್ರತಿಯೊಂದು ಉತ್ತರವೂ ಇಂಥ ಒಂದು ಭಿನ್ನರಾಶಿ. ಘನದ ಲೆಕ್ಕಕ್ಕೆ ಉತ್ತರವಿದ್ದರೆ ಅದು 2ರ ಘನಮೂಲಕ್ಕೆ ಇನ್ನೂ ಹೆಚ್ಚು ಹತ್ತಿರ ಬರಬೇಕು. ಅಷ್ಟೊಂದು ಹತ್ತಿರ ಬರಬಲ್ಲ ಭಿನ್ನರಾಶಿಗಳು ಕೆಲವೇ ಎಂದು ಥೂ 1909ರಲ್ಲಿ ಸಾಧಿಸಿದ. ಆದ್ದರಿಂದ ಕೂಡಿಸುವ ಸಂಖ್ಯೆ 1 ಇರಲಿ, ಶೂನ್ಯವಲ್ಲದ ಬೇರೆ ಯಾವ ಪೂರ್ಣಾಂಕವೇ ಇರಲಿ, ಘನದ ಲೆಕ್ಕಕ್ಕೆ ಉತ್ತರಗಳ ಸಾಲು ಎಲ್ಲಿಯೋ ನಿಂತೇ ನಿಲ್ಲುತ್ತದೆ.

ಎಲ್ಲಿ ನಿಲ್ಲುತ್ತದೆ? ಅದನ್ನು ಥೂನ ಸಾಧನೆ ಹೇಳಲಿಲ್ಲ. ಭಾಸ್ಕರರ ಕೈಯಲ್ಲಿ ಉತ್ತರಕ್ಕೆ ಕೊಂಡೊಯ್ಯುವ ವಿಧಾನವಿತ್ತು. ಥೂ ಉತ್ತರಗಳಿಗೆ ಕೊನೆಯಿದೆ ಎಂದು ತೋರಿಸಿದ, ಆದರೆ ಎಷ್ಟು ದೊಡ್ಡ ಸಂಖ್ಯೆಯವರೆಗೆ ಹುಡುಕಿದರೆ ಸಾಕೆಂಬುದು ಅವನ ದಾರಿಯಲ್ಲಿ ಸಿಗಲಿಲ್ಲ. ಇಂಥ ಎಲ್ಲ ಲೆಕ್ಕಗಳಿಗೂ ಅನ್ವಯಿಸುವ ಆ ಮಿತಿಯನ್ನು ಇಂಗ್ಲೆಂಡಿನ ಅಲನ್ ಬೇಕರ್ 1968ರಲ್ಲಿ ಕಂಡುಹಿಡಿದರು.